ಬೆಣ್ಣೆ ಕಾಣದ ಮಂಥನ

ಶ್ಯಾಮ್ ಬೆನಗಲ್ ಅವರ 'ಮಂಥನ್' ಸಿನಿಮಾದ ಬಗ್ಗೆ ನನ್ನದೊಂದು ತಕರಾರಿದೆ. ಸಿನಿಮಾದ ಹೆಸರೇ ಮಂಥನ. ಅಂದ್ರೆ ಕಡೆಯೋದು. ಎರಡು ಗಂಟೆಗೂ ಜಾಸ್ತಿ ಓಡುವ ಈ ಚಿತ್ರದಲ್ಲಿ ಹಾಲಿದೆ, ಎಮ್ಮೆ ಇದೆ, ಜಾತಿ ಇದೆ, ಚುನಾವಣೆ ಇದೆ. ಆದರೆ ಕಡೆದ ಮೇಲೆ ಬರಬೇಕಾದ ಬೆಣ್ಣೆಯ ಕತೆಯೇ ಇಲ್ಲ. ಹಾಲು ಹಳ್ಳಿ ದಾಟುತ್ತಿದ್ದ ಹಾಗೆ ಕ್ಯಾಮೆರಾ ಅದನ್ನ ಬಿಟ್ಟುಬಿಡುತ್ತೆ.

ಇದೇನು ಮಹಾ ತಕರಾರು ಅಂತೀರಾ? ಸ್ವಲ್ಪ ತಾಳ್ಮೆಯಿಂದ ಓದಿ. ಹಾಲಿನ ದುಡ್ಡಿನ ನಿಜವಾದ ಕತೆ ನಡೆಯೋದು ಆ ಬಿಟ್ಟ ಜಾಗದಲ್ಲೇ ಅನ್ನೋದು ನನ್ನ ವಾದ.

ಮೊದಲು ಸಿನಿಮಾಕ್ಕೆ ಸಲ್ಲಬೇಕಾದ ಮರ್ಯಾದೆ ಸಲ್ಲಿಸಿಬಿಡ್ತೀನಿ. 1976ರ ಈ ಚಿತ್ರಕ್ಕೆ ದುಡ್ಡು ಹಾಕಿದ್ದು ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು, ತಲಾ 2 ರೂಪಾಯಿಯಂತೆ. ಕ್ರೌಡ್‌ಫಂಡಿಂಗ್ ಅನ್ನೋ ಪದ ನಮ್ಮ ಆಫೀಸುಗಳಿಗೆ ಬರೋಕೆ ಎಷ್ಟೋ ವರ್ಷ ಮೊದಲೇ ಎಮ್ಮೆ ಸಾಕೋರು ಅದನ್ನ ಮಾಡಿ ಮುಗಿಸಿದ್ರು. ಕತೆ ಬೆನಗಲ್ ಮತ್ತು ವರ್ಗೀಸ್ ಕುರಿಯನ್ ಅವರದ್ದು, ಚಿತ್ರಕಥೆ ವಿಜಯ್ ತೆಂಡೂಲ್ಕರ್ ಅವರದ್ದು. ಹಳ್ಳಿಗೆ ಬರುವ ಪಶುವೈದ್ಯ ಡಾ. ರಾವ್ ಆಗಿ ನಮ್ಮ ಗಿರೀಶ ಕಾರ್ನಾಡ್, ಅವರ ತಂಡದ ಚಂದಾವರ್ಕರ್ ಆಗಿ ನಮ್ಮ ಅನಂತ್ ನಾಗ್. ಸ್ಮಿತಾ ಪಾಟೀಲ್, ನಾಸಿರುದ್ದೀನ್ ಶಾ ಬಗ್ಗೆ ಹೊಸದಾಗಿ ಹೇಳೋದೇನಿಲ್ಲ. 2024ರಲ್ಲಿ ಪ್ರಿಂಟನ್ನು ಸರಿಪಡಿಸಿ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದರು, ಆಮೇಲೆ ನಮ್ಮ ಥಿಯೇಟರುಗಳಿಗೂ ಬಂತು. ನಾನು ದೊಡ್ಡ ಪರದೆಯಲ್ಲಿ ನೋಡಿದ್ದು ಆಗಲೇ.

ಒಂದು ಸಂಸ್ಥೆ ತನ್ನ ಕತೆಯನ್ನ ತಾನೇ ದುಡ್ಡು ಕೊಟ್ಟು ತೆಗೆಸಿಕೊಂಡ್ರೆ ಸಾಮಾನ್ಯವಾಗಿ ಏನಾಗುತ್ತೆ ಅಂತ ಕಾರ್ಪೊರೇಟ್ ವಿಡಿಯೋ ನೋಡಿರೋ ನಮಗೆಲ್ಲ ಗೊತ್ತು. ಡ್ರೋನ್ ಶಾಟು, ನಗುವ ರೈತ, ಹಿಂದೆ ಕೊಳಲು. 'ಮಂಥನ್' ಹಾಗಾಗಲಿಲ್ಲ. ಹಾಲಿನ ಡಬ್ಬಿಗೆ ಜಾತಿ ಇರಲ್ಲ ಅಂತ ನಂಬಿಕೊಂಡು ಬಂದ ಡಾ. ರಾವ್‌ಗೆ, ಸೊಸೈಟಿಯ ಮುಂದಿನ ಸಾಲಿಗೆ ಜಾತಿ ಇರುತ್ತೆ ಅಂತ ಈ ಸಿನಿಮಾ ಪಾಠ ಹೇಳುತ್ತೆ. ಸೊಸೈಟಿ ಚುನಾವಣೆಯಲ್ಲಿ ಸೋತ ಸರಪಂಚನ ಅವಮಾನ, ಸಾಲಕ್ಕೆ ಸಿಕ್ಕಿದ ದಲಿತ ಕೇರಿಯ ಅಸಹಾಯಕತೆ, ಊರಿನ ಹುಡುಗಿಯ ಜೊತೆ ಸಂಬಂಧ ಬೆಳೆಸಿದ್ದಕ್ಕೆ ಚಂದಾವರ್ಕರ್‌ನನ್ನು ರಾವ್ ವಾಪಸ್ ಕಳಿಸೋದು, ಯಾವುದನ್ನೂ ಮುಚ್ಚಿಡಲ್ಲ. ಕೊನೆಗೆ ರಾವ್‌ಗೇ ವರ್ಗ ಆಗುತ್ತೆ. ಸೊಸೈಟಿ ಉಳಿಸೋ ಕೆಲಸ ಊರಿನ ಭೋಲಾನ ಹೆಗಲಿಗೆ ಬೀಳುತ್ತೆ. ಸರ್ಕಾರಿ ಅಧಿಕಾರಿ ಹೀರೋ ಆಗಿ ಉಳಿಯದ ಸಿನಿಮಾ ಇದು. ಅಷ್ಟರ ಮಟ್ಟಿಗೆ ಪ್ರಾಮಾಣಿಕ.

ಈಗ ನನ್ನ ತಕರಾರಿಗೆ ಬರ್ತೀನಿ. ಈ ಸಿನಿಮಾದ ವಿಲನ್ ಮಿಶ್ರಾ, ಅಂದ್ರೆ ಅಮರೀಶ್ ಪುರಿ. ಊರಿನ ಹಾಲನ್ನೆಲ್ಲ ಕಡಿಮೆ ರೇಟಿಗೆ ಕೊಳ್ಳುವ ಖಾಸಗಿ ಡೈರಿ ಮಾಲೀಕ. ರಾವ್ ಬಂದವನೇ ಹಾಲಿನ ಸ್ಯಾಂಪಲ್ ತಗೊಂಡು ಫ್ಯಾಟ್ ಟೆಸ್ಟ್ ಮಾಡ್ತಾನೆ. ಹಾಲಿನಲ್ಲಿ ಜಿಡ್ಡು ಎಷ್ಟಿದೆಯೋ ಅಷ್ಟು ದುಡ್ಡು ಅನ್ನೋ ಲೆಕ್ಕ ಊರಿಗೆ ಬರುತ್ತೆ. ನನ್ನ ಪ್ರಕಾರ ಇಡೀ ಸಿನಿಮಾದ ಕ್ರಾಂತಿ ಇದೇ. ಫ್ಯಾಟ್ ಟೆಸ್ಟ್ ಅಂದ್ರೇನು? ಹಾಲಿನೊಳಗಿರೋ ಬೆಣ್ಣೆಯನ್ನು ಕಡೆಯದೆ ಎಣಿಸೋದು. ಹಾಗಾಗಿ ಬೆಣ್ಣೆ ಈ ಸಿನಿಮಾದಲ್ಲಿ ಒಂದು ಸಂಖ್ಯೆಯಾಗಿ ಮಾತ್ರ ಬರುತ್ತೆ. ಆದರೆ ಆ ಸಂಖ್ಯೆಯನ್ನ ಯಾವ ರೇಟಿನಿಂದ ಗುಣಿಸಬೇಕು? ಆ ರೇಟು ಎಲ್ಲಿ ತೀರ್ಮಾನ ಆಗುತ್ತೆ? ಸಿನಿಮಾ ಈ ಪ್ರಶ್ನೆಯ ಬಾಗಿಲಿನ ತನಕ ಬಂದು ವಾಪಸ್ ಹೋಗುತ್ತೆ. ಮಿಶ್ರಾ ಸೋತ್ರೆ ರೇಟು ಸರಿಹೋಗುತ್ತೆ ಅನ್ನೋ ನಂಬಿಕೆಯನ್ನ ನಮ್ಮ ಕೈಗಿತ್ತು ಮನೆಗೆ ಕಳಿಸುತ್ತೆ.

ಅದೇ ವರ್ಷಗಳಲ್ಲಿ ಪರದೆಯ ಹೊರಗೆ ಏನು ನಡೀತಿತ್ತು ನೋಡಿ. ಯುರೋಪಿನ ಆರ್ಥಿಕ ಸಮುದಾಯ ತನ್ನ ರೈತರಿಗೆ ಒಂದು ಮಾತು ಕೊಟ್ಟಿತ್ತು. ಎಷ್ಟೇ ಹಾಲು ಮಾಡಿ, ಬೆಲೆ ಬೀಳೋಕೆ ಬಿಡಲ್ಲ, ಮಾರಾಟ ಆಗದ ಬೆಣ್ಣೆ ಮತ್ತು ಹಾಲಿನ ಪುಡಿಯನ್ನ ನಾವೇ ಕೊಳ್ತೀವಿ ಅಂತ. ರೈತರು ಹಾಲು ಮಾಡಿದ್ರು. ಮಾಡ್ತಾನೇ ಹೋದ್ರು. ಕೋಲ್ಡ್ ಸ್ಟೋರೇಜುಗಳು ತುಂಬಿದವು. ಪತ್ರಿಕೆಯವರು ಅದನ್ನ 'ಬೆಣ್ಣೆ ಬೆಟ್ಟ' ಅಂತ ಕರೆದರು. 1973ರಲ್ಲಿ 2 ಲಕ್ಷ ಟನ್ ಬೆಣ್ಣೆಯನ್ನ ಸೋವಿಯತ್ ಒಕ್ಕೂಟಕ್ಕೆ ತಮ್ಮೂರಿನ ಬೆಲೆಗಿಂತ ಎಷ್ಟೋ ಅಗ್ಗಕ್ಕೆ ಮಾರಿದ್ದು ಅಲ್ಲಿ ದೊಡ್ಡ ಗಲಾಟೆ ಆಗಿತ್ತು. 1980ರ ದಶಕದಲ್ಲಿ ಆ ದಾಸ್ತಾನು 10 ಲಕ್ಷ ಟನ್ ದಾಟಿತು. ಕೊನೆಗೆ 1984ರಲ್ಲಿ ಹಾಲಿಗೇ ಕೋಟಾ ಹಾಕಬೇಕಾಯ್ತು. ಆ ಕೋಟಾ ತೆಗೆದದ್ದು 2015ರಲ್ಲಿ.

ಇಂಥ ಬೆಟ್ಟ ಕರಗಬೇಕು ಅಂದ್ರೆ ಎಲ್ಲೋ ಒಂದು ಕಡೆ ಹರೀಬೇಕು. ಹರಿಯೋಕೆ ಬಡ ದೇಶಕ್ಕಿಂತ ಸುಲಭದ ಇಳಿಜಾರು ಯಾವುದಿದೆ? ಹೆಸರು 'ನೆರವು'. ಪುಕ್ಕಟೆ ಪುಡಿಗೆ ಪುಕ್ಕಟೆ ಜಿಡ್ಡು, ಅದಕ್ಕೆ ನೀರು ಬೆರೆಸಿದ್ರೆ ಹಾಲು. ಅದನ್ನ ಪೇಟೆಯಲ್ಲಿ ಅಗ್ಗಕ್ಕೆ ಮಾರಿದ್ರೆ ಪೇಟೆಯೋರಿಗೆ ಖುಷಿ, ಸರ್ಕಾರಕ್ಕೆ ವೋಟು. ಐವತ್ತು ಕಿಲೋಮೀಟರ್ ದೂರದ ಹಳ್ಳಿಯವನ ಹಾಲು ಮಾತ್ರ ಕೇಳೋರಿಲ್ಲ. ಮಿಶ್ರಾ ಒಂದು ಊರನ್ನ ಹಿಂಡಿದ್ರೆ ಈ ಅಗ್ಗದ ಹಾಲು ಒಂದು ಜಿಲ್ಲೆಯನ್ನೇ ಮಲಗಿಸುತ್ತೆ. ಅದೂ ಯಾರ ಮೇಲೂ ಕೈ ಎತ್ತದೆ, ದಾನದ ಹೆಸರಿನಲ್ಲಿ.

ಇಲ್ಲೇ ಕುರಿಯನ್ ತಲೆ ಓಡಿಸಿದ್ದು. 1970ರಲ್ಲಿ ಶುರುವಾದ ಆಪರೇಷನ್ ಫ್ಲಡ್‌ನ ಮೊದಲ ಹಂತಕ್ಕೆ ವಿಶ್ವ ಆಹಾರ ಕಾರ್ಯಕ್ರಮದ ಮೂಲಕ ಬಂದ ನೆರವು 1,26,000 ಟನ್ ಕೆನೆ ತೆಗೆದ ಹಾಲಿನ ಪುಡಿ ಮತ್ತು 42,000 ಟನ್ ಬಟರ್ ಆಯಿಲ್. ಬಟರ್ ಆಯಿಲ್ ಅಂದ್ರೆ ನೀರಿನಂಶ ತೆಗೆದ ಬೆಣ್ಣೆಜಿಡ್ಡು, ವರಸೆಯಲ್ಲಿ ನಮ್ಮ ತುಪ್ಪಕ್ಕೆ ತಮ್ಮ. ಇವೆರಡನ್ನೂ ಬೆರೆಸಿ ಹಾಲು ಮಾಡಿ ಮುಂಬೈ, ದೆಹಲಿ, ಕೋಲ್ಕತ್ತ, ಚೆನ್ನೈಗಳಲ್ಲಿ ಮಾರಿದರು. ಆದರೆ ಪುಕ್ಕಟೆ ಬಂತು ಅಂತ ಪುಕ್ಕಟೆ ರೇಟಿಗೆ ಬಿಡಲಿಲ್ಲ. ಊರಿನ ಹಾಲಿನ ಕಾಲು ಎಳೆಯದ ಬೆಲೆಗೆ ಮಾರಿ, ಬಂದ ದುಡ್ಡನ್ನ ಹಳ್ಳಿ ಸೊಸೈಟಿ, ಚಿಲ್ಲಿಂಗ್ ಸೆಂಟರ್, ಟ್ಯಾಂಕರ್, ಡೈರಿ ಕಟ್ಟೋಕೆ ಹಾಕಿದರು. ನಮ್ಮನ್ನ ಮಲಗಿಸಬಹುದಾಗಿದ್ದ ಬೆಣ್ಣೆಯಿಂದಲೇ ನಮ್ಮ ಡೈರಿಗಳು ಎದ್ದವು. ಬೆಣ್ಣೆ ಅದೇ. ಬದಲಾಗಿದ್ದು ಅದನ್ನ ಯಾವ ಬೆಲೆಗೆ ಒಳಗೆ ಬಿಟ್ಟರು, ಬಂದ ದುಡ್ಡು ಯಾರ ಕೈ ಸೇರಿತು ಅನ್ನೋದು.

ಕುರಿಯನ್ ಜೊತೆ ಕೂತು ಕತೆ ಬರೆದ ಸಿನಿಮಾದಲ್ಲಿ ಕುರಿಯನ್ ಮಾಡಿದ ಅತಿ ಜಾಣ ಕೆಲಸವೇ ಇಲ್ಲ. ಸುಂಕ, ಹಡಗು, ದಾಸ್ತಾನು ಇಟ್ಕೊಂಡು ಸಿನಿಮಾ ಮಾಡೋಕಾಗುತ್ತಾ ಅಂತ ನೀವು ಕೇಳಬಹುದು. ಆಗುತ್ತೆ ಅಂತಲೇ ನನ್ನ ಉತ್ತರ. ಫ್ಯಾಟ್ ಟೆಸ್ಟಿನಂಥ ಒಣ ವಿಷಯವನ್ನ ಬೆನಗಲ್ ನಾಟಕ ಮಾಡಿ ತೋರಿಸಲಿಲ್ವಾ? ಬಂದರಿನಲ್ಲಿ ಇಳಿಯುತ್ತಿರುವ ಡ್ರಮ್ಮುಗಳ ಎದುರು ಡಾ. ರಾವ್ ನಿಂತು 'ಇದನ್ನ ಎಷ್ಟಕ್ಕೆ ಮಾರ್ತೀರಿ?' ಅಂತ ಮೇಲಧಿಕಾರಿಯನ್ನ ಕೇಳುವ ಒಂದೇ ಒಂದು ದೃಶ್ಯ ಇದ್ದಿದ್ರೆ, ಮಿಶ್ರಾನಿಗಿಂತ ದೊಡ್ಡ ಎದುರಾಳಿ ನಮಗೆ ಕಾಣ್ತಿದ್ದ. ಅದಿಲ್ಲದ್ದರಿಂದ ಹಾಲಿನ ಸಮಸ್ಯೆ ಅಂದ್ರೆ ಹಳ್ಳಿಯ ಸಮಸ್ಯೆ, ಹಳ್ಳಿಯವರು ಒಗ್ಗಟ್ಟಾದ್ರೆ ಮುಗೀತು ಅನ್ನೋ ಭಾವನೆ ಪೇಟೆಯ ಪ್ರೇಕ್ಷಕನಲ್ಲಿ ಉಳೀತು. ಪೇಟೆಯವನು ಬ್ರೆಡ್ಡಿಗೆ ಸವರೋ ಬೆಣ್ಣೆಯ ಬೆಲೆಗೂ ಆ ಹಳ್ಳಿಗೂ ನಂಟಿದೆ ಅಂತ ಸಿನಿಮಾ ಅವನಿಗೆ ಹೇಳಲೇ ಇಲ್ಲ.

ಇನ್ನೊಂದು ಕಡೆಯಿಂದಲೂ ಬೆಣ್ಣೆ ಇಲ್ಲಿ ಕಾಣೆಯಾಗಿದೆ. ಇದನ್ನ ನನ್ನೂರಿನಿಂದಲೇ ಹೇಳಬೇಕು. ನಾನು ಹಾಸನ ಜಿಲ್ಲೆಯ ಹಳ್ಳಿಯವನು. ನಮ್ಮೂರಿಗೆ ಡೈರಿ ಬಂದಾಗ ನಾನು ಮೂರನೇ ಕ್ಲಾಸು. ಅದಕ್ಕೂ ಮೊದಲು ಅಜ್ಜಿ ಬೆಳಗಿನ ಜಾವ ಮೊಸರು ಕಡೆಯೋಳು. ಬೆಣ್ಣೆ ಸಂತೆಗೆ, ಇಲ್ಲಾ ಕಾಯಿಸಿ ತುಪ್ಪ. ಉಳಿದ ಮಜ್ಜಿಗೆ, ಚೊಂಬು ಹಿಡಿದು ಬಂದವರಿಗೆ. ಮಜ್ಜಿಗೆಗೆ ದುಡ್ಡು ತಗೊಳ್ಳೋದು ಅಂದ್ರೆ ನಾಚಿಕೆ ವಿಷಯ ಆಗಿತ್ತು. ಕೂಲಿಗೆ ಬರೋ ಮನೆಯೋರ ಮುದ್ದೆಗೆ ಎಷ್ಟೋ ದಿನ ಆ ಮಜ್ಜಿಗೆಯೇ ಸಾರು. ಡೈರಿ ಬಂದ ಮೇಲೆ ಕರೆದ ಹಾಲು ನೇರ ಕ್ಯಾನಿಗೆ. ಕಡಗೋಲು ಅಟ್ಟ ಸೇರ್ತು. ಚೊಂಬುಗಳು ಒಂದೊಂದಾಗಿ ಬರೋದು ನಿಲ್ಲಿಸಿದವು. ಯಾರೂ ಯಾರಿಗೂ ಇಲ್ಲ ಅನ್ನಲಿಲ್ಲ. ಕೊಡೋಕೆ ಮಜ್ಜಿಗೆ ಇರಲಿಲ್ಲ, ಅಷ್ಟೇ.

ಆ ಡೈರಿ ದುಡ್ಡು ನಮಗೆ ಏನು ಮಾಡ್ತು ಅನ್ನೋದನ್ನೂ ಹೇಳ್ತೀನಿ. ಜಮೀನಿನ ದುಡ್ಡು ವರ್ಷಕ್ಕೊಮ್ಮೆ, ಅದೂ ಮಳೆ ಬಂದ್ರೆ. ಡೈರಿ ಬಟವಾಡೆ ತಪ್ಪದೆ ಬರೋದು. ಎಷ್ಟೋ ಮನೆಗಳಲ್ಲಿ ಹೆಂಗಸರ ಕೈಗೆ ಬಂದ ಮೊದಲ ಲೆಕ್ಕದ ದುಡ್ಡು ಅದು. ನನ್ನ ಬಿಇ ಫೀಸು, ಹಾಸ್ಟೆಲ್ಲು, ಮೊದಲ ಇಂಟರ್‌ವ್ಯೂಗೆ ಹಾಕ್ಕೊಂಡ ಶೂಸು, ಇದರಲ್ಲೆಲ್ಲ ಎರಡು ಹಸುವಿನ ಪಾಲಿದೆ. ಹಾಗಾಗಿ ಅಜ್ಜಿಯ ಕಾಲವೇ ಚೆನ್ನಾಗಿತ್ತು ಅಂತ ಹೇಳೋಕೆ ನನಗೆ ಬಾಯಿ ಬರಲ್ಲ. ಆದರೆ ಮಂಥನ ಅಂತ ಹೆಸರಿಟ್ಟುಕೊಂಡ ಚಳವಳಿಯಿಂದಲೇ ಹಳ್ಳಿ ಮನೆಯ ಮಂಥನ ನಿಂತುಹೋಯ್ತು. ಇಷ್ಟು ದೊಡ್ಡ ವ್ಯಂಗ್ಯ ಕಾರ್ನಾಡ್, ತೆಂಡೂಲ್ಕರ್, ಬೆನಗಲ್ ಮೂವರೂ ಇದ್ದ ಸಿನಿಮಾದಲ್ಲಿ ಸುಳಿಯದೇ ಹೋದದ್ದು ನನಗೆ ಆಶ್ಚರ್ಯ.

ಇಂಥ ಪ್ರಶ್ನೆಗಳನ್ನ ಆಗಲೇ ಕೇಳಿದವರಿದ್ದರು. 1983ರಲ್ಲಿ ಕ್ಲಾಡ್ ಆಲ್ವಾರೆಸ್ 'ಇಲಸ್ಟ್ರೇಟೆಡ್ ವೀಕ್ಲಿ'ಯಲ್ಲಿ ಆಪರೇಷನ್ ಫ್ಲಡ್ಡನ್ನೇ ಬಿಳಿ ಸುಳ್ಳು ಅಂತ ಕರೆದು ಬರೆದರು. 1985ರಲ್ಲಿ ಶಾಂತಿ ಜಾರ್ಜ್ ಅದರ ಮೇಲೆ ಒಂದು ಇಡೀ ಪುಸ್ತಕವನ್ನೇ ಬರೆದರು. ನಡುವೆ ಎಲ್.ಕೆ. ಝಾ ಸಮಿತಿ ಕೂತು 1984ರಲ್ಲಿ ವರದಿ ಕೊಟ್ಟಿತು. ಹಳ್ಳಿಯ ಹಾಲು ಪೇಟೆಗೆ ಹೋದ್ರೆ ಹಳ್ಳಿಯ ಮಕ್ಕಳು ಏನು ಕುಡೀಬೇಕು, ಯುರೋಪಿನ ದಾಸ್ತಾನಿನ ಮೇಲೆ ನಿಂತ ಯೋಜನೆ ಸ್ವಾವಲಂಬನೆ ಹೇಗಾಗುತ್ತೆ, ಇವೆಲ್ಲ ನ್ಯಾಯವಾದ ಪ್ರಶ್ನೆಗಳೇ. ಎರಡನೆಯದಕ್ಕೆ ಕಾಲ ಉತ್ತರ ಕೊಟ್ಟಿತು: ನೆರವು ನಿಂತ ಮೇಲೂ ಡೈರಿಗಳು ನಿಲ್ಲಲಿಲ್ಲ. ಮೊದಲನೆಯದಕ್ಕೆ ಇನ್ನೂ ಪೂರ್ತಿ ಉತ್ತರ ಸಿಕ್ಕಿಲ್ಲ.

ಅದೆಲ್ಲ ಹಳೇ ಕತೆ, ಈಗ ಇದರಿಂದ ನಮಗೇನು ಅಂತ ಕೇಳೋರಿಗೆ ಬೆಂಗಳೂರಿನದೇ ಒಂದು ಉದಾಹರಣೆ ಕೊಡ್ತೀನಿ. ಏಪ್ರಿಲ್ 2023. ಅಮುಲ್ ಬೆಂಗಳೂರಿಗೆ ಹಾಲು ಮೊಸರು ತರ್ತೀವಿ ಅಂತು. ಚುನಾವಣೆ ಬೇರೆ ಹತ್ತಿರ ಇತ್ತು. ನಂದಿನಿ ಉಳಿಸಿ ಅಂತ ಊರಿಗೆ ಊರೇ ಎದ್ದು ಕೂತಿತು. ನನ್ನ ವಾಟ್ಸಾಪ್ ಗ್ರೂಪುಗಳೂ ಎದ್ದವು. ಆ ಸಿಟ್ಟು ಸುಳ್ಳಲ್ಲ. 1974ರಲ್ಲಿ ವಿಶ್ವಬ್ಯಾಂಕ್ ನೆರವಿನಿಂದ ಶುರುವಾಗಿ ಕೆಎಂಎಫ್ ಆಗಿ ಬೆಳೆದ ವ್ಯವಸ್ಥೆ ನಮ್ಮ ಹಳ್ಳಿಗಳ ಬೆನ್ನೆಲುಬು. ಆದರೆ ಗಮನಿಸಿ, ಅಮುಲ್ ಬೆಣ್ಣೆ ಅದಕ್ಕೂ ಎಷ್ಟೋ ವರ್ಷ ಮೊದಲಿಂದ ನಮ್ಮೆಲ್ಲರ ಫ್ರಿಜ್ಜಿನಲ್ಲಿತ್ತು. ಅದರ ಬಗ್ಗೆ ಯಾರೂ ತುಟಿ ಬಿಚ್ಚಿರಲಿಲ್ಲ. ಅದೇ ಏಪ್ರಿಲ್‌ನಲ್ಲಿ ದೆಹಲಿಯಲ್ಲಿ ಪಶುಸಂಗೋಪನೆ ಇಲಾಖೆಯ ಕಾರ್ಯದರ್ಶಿಗಳು, ಕೊರತೆ ಬಿದ್ರೆ ಬೆಣ್ಣೆ ತುಪ್ಪ ಆಮದು ಮಾಡಿಕೊಳ್ಳಬೇಕಾಗಬಹುದು ಅಂತ ಹೇಳಿದ್ರು. ಗಂಟುರೋಗ, ಕೋವಿಡ್ ನಂತರದ ಬೇಡಿಕೆ, ಎಲ್ಲ ಸೇರಿ ದಾಸ್ತಾನು ಇಳಿದಿತ್ತು. ಶರದ್ ಪವಾರ್ ವಿರೋಧಿಸಿ ಕೇಂದ್ರಕ್ಕೆ ಪತ್ರ ಬರೆದರು. ನಮ್ಮ ಗ್ರೂಪುಗಳಲ್ಲಿ ಆ ಸುದ್ದಿ ಒಂದು ಫಾರ್ವರ್ಡ್ ಕೂಡ ಆಗಲಿಲ್ಲ.

ಬೆಣ್ಣೆ ಯಾಕೆ ಅಷ್ಟು ಮುಖ್ಯ ಅಂತ ನಮ್ಮ ಭಾಷೆಯಲ್ಲೇ ಹೇಳ್ತೀನಿ. ಹಾಲಿನ ಮಾರುಕಟ್ಟೆಗೆ ಬೆಣ್ಣೆ ಅಂದ್ರೆ ಬಫರ್. ಹಾಲು ಒಂದೆರಡು ದಿನ ಇರುತ್ತೆ, ಬೆಣ್ಣೆ ತಣ್ಣಗಿಟ್ರೆ ತಿಂಗಳುಗಟ್ಟಲೆ ಇರುತ್ತೆ. ಮೇವು ಚೆನ್ನಾಗಿರೋ ಕಾಲದಲ್ಲಿ ಹೆಚ್ಚಾದ ಹಾಲನ್ನ ಬೆಣ್ಣೆ ಮತ್ತು ಪುಡಿ ಮಾಡಿ ಇಡ್ತಾರೆ, ಬೇಸಿಗೆಯಲ್ಲಿ ಹಾಲು ಕಡಿಮೆಯಾದಾಗ ಅವೆರಡನ್ನೂ ಬೆರೆಸಿ ಮತ್ತೆ ಹಾಲು ಮಾಡ್ತಾರೆ. ಹಾಗಾಗಿ ಅಪ್ಪ ಇವತ್ತು ಹಾಕಿದ ಹಾಲಿನ ರೇಟು ನಾಳೆಯ ಬೆಣ್ಣೆ ರೇಟಿಗೆ ಕಟ್ಟಿಕೊಂಡಿರುತ್ತೆ. ಹೊರಗಿನ ಅಗ್ಗದ ಬೆಣ್ಣೆ ಒಳಗೆ ಬಂದ್ರೆ ಯಾರೂ ಪ್ಯಾಕೆಟ್ ಹಾಲಿನ ಮೇಲೆ ಯುದ್ಧ ಮಾಡಬೇಕಾಗಿಲ್ಲ. ಬಫರ್ ತುಂಬಿದ್ರೆ ಸಾಕು, ರೇಟು ತಾನಾಗಿ ಕೂತ್ಕೊಳ್ಳುತ್ತೆ.

ಹೊರಗೆ ಕಾದು ನಿಂತಿರೋರು ಯಾರು? ನ್ಯೂಜಿಲೆಂಡನ್ನೇ ತಗೊಳ್ಳಿ. ನಮ್ಮ ಬೆಂಗಳೂರಿನ ಅರ್ಧದಷ್ಟೂ ಜನ ಇಲ್ಲದ ದೇಶ. ಅಲ್ಲಿ ಒಂದೊಂದು ಫಾರಮ್ಮಿನಲ್ಲಿ ನೂರಾರು ಹಸು. ಮಾಡಿದ್ದರಲ್ಲಿ ಬಹುಪಾಲು ಹೊರಗೇ ಮಾರಬೇಕು. ನಾವು 2023-24ರಲ್ಲಿ ಸುಮಾರು 23.9 ಕೋಟಿ ಟನ್ ಹಾಲು ಮಾಡಿದ್ದೀವಿ, ಪ್ರಪಂಚಕ್ಕೇ ಮೊದಲು. ಅದರಲ್ಲಿ ಬಹುತೇಕ ನಾವೇ ಕುಡಿದು ತಿಂದು ಮುಗಿಸ್ತೀವಿ. ಮಾಡೋದು ಎರಡು ಮೂರು ಹಸು ಎಮ್ಮೆ ಇಟ್ಟುಕೊಂಡ ಕೋಟ್ಯಂತರ ಮನೆಗಳು. ನಡುವೆ ನಿಂತಿರೋ ಗೋಡೆ ಬೆಣ್ಣೆಯ ಮೇಲಿನ ಶೇ. 40 ಆಮದು ಸುಂಕ. ನವೆಂಬರ್ 2019ರಲ್ಲಿ ಆರ್‌ಸಿಇಪಿ ಒಪ್ಪಂದದಿಂದ ಭಾರತ ಹೊರಬಂದಾಗ ಹೈನುಗಾರರ ಭಯ ಒಂದು ದೊಡ್ಡ ಕಾರಣವಾಗಿತ್ತು. 2025ರ ಬ್ರಿಟನ್ ಒಪ್ಪಂದದಲ್ಲೂ ಹಾಲಿನ ಪದಾರ್ಥಗಳನ್ನ ಹೊರಗಿಟ್ಟರು.

ಗೋಡೆಗೆ ಬಿರುಕೂ ಇದೆ. ಸೂಪರ್‌ಮಾರ್ಕೆಟ್ಟಿನಲ್ಲಿ ಬೆಣ್ಣೆ ಪಕ್ಕದಲ್ಲೇ 'ಸ್ಪ್ರೆಡ್' ಅಂತ ಡಬ್ಬಿಗಳಿರ್ತಾವೆ. ಬೆಣ್ಣೆ ಅನ್ನಿಸಿಕೊಳ್ಳೋಕೆ ಹಾಲಿನ ಜಿಡ್ಡು ಕನಿಷ್ಠ ಶೇ. 80 ಇರಬೇಕು. ಅದಕ್ಕಿಂತ ಕಡಿಮೆ ಇದ್ರೆ, ಆದರೆ ಜಿಡ್ಡೆಲ್ಲ ಹಾಲಿನದ್ದೇ ಆದ್ರೆ, ಅದು ಡೈರಿ ಸ್ಪ್ರೆಡ್. ಕಸ್ಟಮ್ಸ್ ಪುಸ್ತಕದಲ್ಲಿ ಇವೆರಡೂ 0405 ಅನ್ನೋ ಒಂದೇ ತಲೆಬರಹದ ಕೆಳಗೆ. ಇನ್ನೊಂದು ಡಬ್ಬಿ ಇದೆ. ಅದೇ ಹಳದಿ ಬಣ್ಣ, ಅದೇ ಬ್ರೆಡ್ಡಿನ ಚಿತ್ರ, ಒಳಗೆ ಮಾತ್ರ ಸಸ್ಯಜನ್ಯ ಎಣ್ಣೆ. ಅದು 1517, ಬೇರೆ ಅಧ್ಯಾಯ. ತಾಳೆ ಎಣ್ಣೆಯನ್ನ ಪ್ರಪಂಚದಲ್ಲೇ ಹೆಚ್ಚು ಆಮದು ಮಾಡಿಕೊಳ್ಳೋ ದೇಶ ನಮ್ಮದು. ನ್ಯೂಜಿಲೆಂಡಿನ ಬೆಣ್ಣೆಯನ್ನ ಬಾಗಿಲಲ್ಲಿ ತಡೆದು ಇಂಡೋನೇಷ್ಯಾದ ಎಣ್ಣೆಯನ್ನ ಬೆಣ್ಣೆಯ ಜಾಗದಲ್ಲಿ ಕೂರಿಸಿದ್ರೆ ಹಸು ಸಾಕೋನಿಗೆ ಏನು ಬಂತು? ಇದಕ್ಕೆ ಯಾರೂ ಧರಣಿ ಕೂರಲ್ಲ. ಲೇಬಲ್ಲಿನ ಸಣ್ಣ ಅಕ್ಷರ ಓದೋ ತಾಳ್ಮೆ ಇದ್ರೆ ಸಾಕು, ಅದೂ ನಮಗಿಲ್ಲ.

ನಾನು ಗೋಡೆಯ ಪರ. ಅದರಿಂದ ಪೇಟೆಯಲ್ಲಿರೋ ನಾನೂ ನೀವೂ ಬೆಣ್ಣೆಗೆ ನಾಲ್ಕು ಕಾಸು ಜಾಸ್ತಿ ಕೊಡ್ತೀವಿ, ಕೊಡೋಣ. ಆದರೆ ಆ ಜಾಸ್ತಿ ಕೊಟ್ಟದ್ದು ಹಸು ಕಟ್ಟಿದವರ ಮನೆಗೆ ಮುಟ್ಟುತ್ತಾ? ಗೋಡೆ ರೇಟನ್ನ ಎತ್ತಿ ಹಿಡಿಯುತ್ತೆ, ಹಂಚೋದು ಗೋಡೆಯ ಕೆಲಸ ಅಲ್ಲ. ಅದು ಸೊಸೈಟಿಯ ಕೆಲಸ. ಸೊಸೈಟಿಯ ಕುರ್ಚಿ ಮುಂದಿನ ಎಲೆಕ್ಷನ್ನಿಗೆ ಮೆಟ್ಟಿಲಾದ್ರೆ, ಫ್ಯಾಟ್ ಮೆಷಿನ್ನಿನ ಅಂಕಿಯನ್ನ ಹಾಲು ಹಾಕಿದವನು ನೋಡೋ ಮೊದಲೇ ಯಾರೋ ಬರೆದುಬಿಟ್ಟರೆ, ಗೋಡೆಯ ಲಾಭವೆಲ್ಲ ಒಳಗಿರೋ ಮಿಶ್ರಾಗಳಿಗೆ. ಇಲ್ಲಿ 'ಮಂಥನ್' ಇವತ್ತಿಗೂ ಹಳೇದಾಗಿಲ್ಲ. ಸೊಸೈಟಿ ಯಾರ ಕೈಲಿದೆ ಅನ್ನೋ ಪ್ರಶ್ನೆಯನ್ನ ಅದರಷ್ಟು ನೇರವಾಗಿ ಕೇಳಿದ ಇನ್ನೊಂದು ಸಿನಿಮಾ ನಾನು ನೋಡಿಲ್ಲ.

ಆ ಪ್ರಶ್ನೆಯ ಉಳಿದರ್ಧವನ್ನ ಅದು ಕೇಳಲಿಲ್ಲ, ಅದೇ ನನ್ನ ಕೊರಗು. ಸೊಸೈಟಿ ನಮ್ಮ ಕೈಲಿದ್ರೂ ರೇಟು ಯಾರ ಕೈಲಿದೆ? 1976ರಲ್ಲಿ ಅದರ ಉತ್ತರ ಬಂದರಿನ ಡ್ರಮ್ಮುಗಳಲ್ಲಿತ್ತು. ಈಗ ಒಪ್ಪಂದಗಳ ಅನುಬಂಧದಲ್ಲಿ, ಡಬ್ಬಿಯ ಸಣ್ಣ ಅಕ್ಷರದಲ್ಲಿ ಇದೆ. ಅಲ್ಲಿಗೆ ಡಾ. ರಾವ್‌ಗಳು ಹೋಗಲ್ಲ, ಭೋಲಾನಿಗೆ ಪ್ರವೇಶ ಇಲ್ಲ. ಅದನ್ನ ಓದೋಕೆ ಬರೋರು ಹಳ್ಳಿಯಿಂದ ಹೊರಟು ಬಂದ ನಾವು. ಬಟವಾಡೆಯ ದುಡ್ಡಲ್ಲಿ ಓದಿದವರಿಗೆ ಅಷ್ಟು ಕೆಲಸವಾದ್ರೂ ಇರಲಿ. ಸಿನಿಮಾ ಮಾತ್ರ ತಪ್ಪದೆ ನೋಡಿ.